ಲುಂಗಿ, ಗೆಜ್ಜೆ, ಗುಡುಗುಡಿ

ನನ್ನ ಮಗಳು ದೆಹಲಿ ವಿಶ್ವವಿದ್ಯಾಲಯದಲ್ಲಿ ಓದುತ್ತಿದ್ದಾಗ ತನ್ನ ಕೋಣೆಯ ಗೋಡೆಗೆ ಒಂದು ಚಿತ್ರ ಅಂಟಿಸಿಕೊಂಡಿದ್ದಳು. ಮುಳ್ಳುಹಂದಿಯ ಹಾಗೆ ನಿಮಿರಿದ ಕೂದಲು, ಹರಿದ ಕೋಟು, ಹರಿದ ಕಡೆಯಲ್ಲೆಲ್ಲ ಪಿನ್ನು, ಕಣ್ಣು ಕಿಸಿದುಕೊಂಡು ನೋಡುವ ಒಬ್ಬ ಹುಡುಗ. ಎದುರು ಗೋಡೆಯಲ್ಲಿ ನಮ್ಮ ಮನೆದೇವರು ರಂಗನಾಥ. ಇಬ್ಬರೂ ಒಬ್ಬರನ್ನೊಬ್ಬರು ನೋಡಿಕೊಂಡು ವರ್ಷಗಟ್ಟಲೆ ಇದ್ದರು.

"ಯಾರಮ್ಮ ಈ ಪುಣ್ಯಾತ್ಮ?" ಅಂತ ಕೇಳಿದೆ.

"ಜಾನಿ ರಾಟನ್ ಅಪ್ಪಾ. ಪಂಕ್ ಹಾಡುಗಾರ."

ರಾಟನ್ ಅಂದರೆ ಕೊಳೆತವನು. ಹೆಸರನ್ನೇ ಹಾಗೆ ಇಟ್ಟುಕೊಂಡ ಮೇಲೆ ಮಿಕ್ಕಿದ್ದನ್ನು ಕೇಳಬೇಕೆ? ಮೂವತ್ತೈದು ವರ್ಷ ಬ್ಯಾಂಕಿನಲ್ಲಿ ಕೂತು ಎದುರಿಗೆ ಬಂದವರ ಅಂಗಿ, ಚಪ್ಪಲಿ, ಉಗುರು ನೋಡಿಯೇ ಅರ್ಧ ಲೆಕ್ಕ ಹಾಕುತ್ತಿದ್ದವನು ನಾನು. ಈ ಆಸಾಮಿ ಸಾಲ ಕೇಳಿಕೊಂಡು ಬಂದಿದ್ದರೆ ಅರ್ಜಿ ಫಾರಂ ಕೂಡ ಕೊಡುತ್ತಿರಲಿಲ್ಲ.

ಆಮೇಲೆ ಮಗಳೇ ಕೂರಿಸಿಕೊಂಡು ಹೇಳಿದಳು. ಹುಡುಗನ ನಿಜನಾಮ ಜಾನ್ ಲೈಡನ್. 1956ರಲ್ಲಿ ಲಂಡನ್ನಿನಲ್ಲಿ ಹುಟ್ಟಿದವನು. ತಂದೆ ತಾಯಿ ಐರ್ಲೆಂಡಿನಿಂದ ಹೊಟ್ಟೆಪಾಡಿಗೆ ಬಂದವರು. 1975ರಲ್ಲಿ ಅವನನ್ನು ಸೇರಿಸಿಕೊಂಡ ಸೆಕ್ಸ್ ಪಿಸ್ಟಲ್ಸ್ ಎಂಬ ತಂಡ ಇಂಗ್ಲೆಂಡಿನ ಮರ್ಯಾದಸ್ಥರ ನಿದ್ದೆ ಕೆಡಿಸಿತು. 1977ರಲ್ಲಿ ರಾಣಿ ಪಟ್ಟಕ್ಕೆ ಬಂದು ಇಪ್ಪತ್ತೈದು ವರ್ಷ ತುಂಬಿದ ಸಡಗರದ ಹೊತ್ತಿಗೇ ರಾಣಿಯನ್ನು ಅಣಕಿಸುವ ಹಾಡು ಹೊರಗೆ ಬಂತು. ಬಿಬಿಸಿ ಅದನ್ನು ಬಿತ್ತರಿಸಲು ಒಪ್ಪಲಿಲ್ಲ. 1978ರ ಜನವರಿಯಲ್ಲಿ ತಂಡ ಮುರಿಯಿತು. ಮೂವತ್ತು ವರ್ಷ ಕಳೆದ ಮೇಲೆ, 2008ರಲ್ಲಿ, ಅದೇ ಜಾನಿ ರಾಟನ್ ಬ್ರಿಟಿಷ್ ಟಿವಿಯಲ್ಲಿ ಗೌರವಸ್ಥರ ಉಣ್ಣೆ ಸೂಟು ತೊಟ್ಟು ಬೆಣ್ಣೆಯ ಜಾಹೀರಾತಿನಲ್ಲಿ ಕಾಣಿಸಿಕೊಂಡ!

ಬೆಣ್ಣೆಯ ವಿಷಯ ಕೇಳಿ ನಾನು ನಕ್ಕೆ. "ನೋಡಿದ್ಯಾ, ಕಡೆಗೆ ಎಲ್ಲರೂ ಕ್ಯಾಶ್ ಕೌಂಟರಿಗೇ ಬರಬೇಕು."

ಮಗಳು ನಗಲಿಲ್ಲ. "ಅಪ್ಪಾ, ಬೇರೆ ಊರಿಗೆ ಬಂದವರ ಮಗ ಅವನು. ತಗ್ಗಿ ಬಗ್ಗಿ ಇರು ಅಂತ ಅವನಿಗೆ ಎಲ್ಲರೂ ಹೇಳಿರ್ತಾರೆ. ಅವನು ಇರಲಿಲ್ಲ, ಅಷ್ಟೇ" ಅಂದಳು.

ಆ ಮಾತು ನನಗೆ ಎಲ್ಲೋ ತಾಗಿತು. ಯಾಕೆ ಅಂತ ಮುಂದೆ ಹೇಳುತ್ತೇನೆ.

ಕನ್ನಡದಲ್ಲಿ ಪಂಕ್ ಹಾಡುಗಾರ ಯಾರು ಅಂತ ಹುಡುಕಲು ಹೊರಟರೆ ಸುಸ್ತಾಗುತ್ತದೆ. ಪಂಕ್ ಅಂದರೆ ಮೂರು ಸ್ವರಮೇಳ ಬಂದರೆ ಸಾಕು, ಮಿಕ್ಕಿದ್ದೆಲ್ಲ ಸಿಟ್ಟು. ನಮ್ಮಲ್ಲಿ ಸಿಟ್ಟಿನ ಹಾಡಿದೆ, ಆದರೆ ಅದು ದಲಿತ ಚಳವಳಿಯ ತಮಟೆಯ ಜೊತೆ ಬೆಳೆದದ್ದು. ಗಿಟಾರಿನ ಜೊತೆ ಬಂದದ್ದು ಬೇರೆ ಬಗೆ. ಆದರೂ 'ಇಲ್ಲಿ ಈ ವೇಷದಲ್ಲಿ ನಿಲ್ಲಬಾರದು' ಅನ್ನುವ ವೇದಿಕೆಯ ಮೇಲೆ ಅದೇ ವೇಷದಲ್ಲಿ ಹೋಗಿ ನಿಂತ ಕನ್ನಡದ ಹಾಡುಗಾರ ಯಾರು ಅಂತ ಕೇಳಿದರೆ ನನ್ನ ಉತ್ತರ ರಘು ದೀಕ್ಷಿತ್. ಅವರದು ಪಂಕ್ ಅಲ್ಲ, ಜಾನಪದ ಬೆರೆತ ರಾಕ್. ಸಿಟ್ಟೂ ಕಮ್ಮಿ, ಕುಣಿತವೇ ಜಾಸ್ತಿ. ಆದರೆ ಲುಂಗಿ ಇದೆಯಲ್ಲ, ಅದು ಸಾಮಾನ್ಯದ್ದಲ್ಲ.

ಊರಲ್ಲಿರುವ ನಿಮಗೆ ಈ ಮಾತು ವಿಚಿತ್ರ ಅನ್ನಿಸಬಹುದು. ಮೈಸೂರಿನಲ್ಲಿ ಒಬ್ಬ ಗಂಡಸು ಲುಂಗಿ ಉಟ್ಟು ಜಗಲಿ ಮೇಲೆ ಕೂತರೆ ಬೀದಿಯ ನಾಯಿ ಕೂಡ ತಿರುಗಿ ನೋಡುವುದಿಲ್ಲ. ದೆಹಲಿಯಲ್ಲಿ ಹಾಗಲ್ಲ. ನಾನು ಮಾನಸಗಂಗೋತ್ರಿಯಲ್ಲಿ ಎಂ.ಕಾಂ. ಮುಗಿಸಿ, ಬ್ಯಾಂಕ್ ಸೇರಿ, 1986ರಲ್ಲಿ ಇಲ್ಲಿಗೆ ವರ್ಗವಾಗಿ ಬಂದೆ. ಮುನೀರ್ಕಾದಲ್ಲಿ ಒಂದು ಬರ್ಸಾತಿ ಹಿಡಿದೆ. ಬರ್ಸಾತಿ ಅಂದರೆ ತಾರಸಿಯ ಮೇಲಿನ ಒಂಟಿ ಕೋಣೆ. ಹೆಸರಿನಲ್ಲೇ ಮಳೆ ಇದೆ, ಮಳೆ ಬಂದರೆ ಕೋಣೆಯ ಒಳಗೂ ಇರುತ್ತಿತ್ತು. ಮೊದಲ ಭಾನುವಾರ ಲುಂಗಿಯಲ್ಲೇ ಹಾಲು ತರಲು ಹೋದೆ. ಬೀದಿಯ ಹುಡುಗರು ಹಿಂದಿನಿಂದ ಒಂದು ಸಿನಿಮಾ ಧಾಟಿಯಲ್ಲಿ 'ಅಯ್ಯಯ್ಯೋ' ಅಂದರು. ತೆಂಕಣದಿಂದ ಬಂದವರೆಲ್ಲ ಇಲ್ಲಿ 'ಮದ್ರಾಸಿ', ಲುಂಗಿ ಅದರ ರುಜುವಾತು. ಅವರೇನು ಕಲ್ಲು ಹೊಡೆಯಲಿಲ್ಲ. ಆದರೆ ಮಾರನೆಯ ವಾರ ನಾನು ಪ್ಯಾಂಟು ಹಾಕಿಕೊಂಡೇ ಹೋದೆ. ಮತ್ತೆ ಮೂವತ್ತು ವರ್ಷ ಲುಂಗಿಯಲ್ಲಿ ಮನೆಯ ಹೊಸಿಲು ದಾಟಲಿಲ್ಲ.

ಇದಕ್ಕಿಂತ ದೊಡ್ಡದೊಂದು ಇದೆ. ಬರೆಯಬೇಕೋ ಬೇಡವೋ ಅಂತ ಯೋಚಿಸಿ ಬರೆಯುತ್ತಿದ್ದೇನೆ. ಮದುವೆಯಾಗಿ ಸ್ವಲ್ಪ ದೊಡ್ಡ ಮನೆ ಹಿಡಿದ ಮೇಲೆ ಅಪ್ಪ ಊರಿನಿಂದ ಬಂದರು. ಜೀವಮಾನದಲ್ಲಿ ಪಂಚೆ ಬಿಟ್ಟು ಬೇರೆ ಉಟ್ಟವರಲ್ಲ. ಒಂದು ಸಂಜೆ ನಮ್ಮ ಮೇಲಧಿಕಾರಿ ಕಾಫಿಗೆ ಬರುವವರಿದ್ದರು. ನಾನು ಅಪ್ಪನ ಕೈಗೆ ನನ್ನದೊಂದು ಪ್ಯಾಂಟು ಕೊಟ್ಟು, "ಇವತ್ತೊಂದಿನ ಇದನ್ನ ಹಾಕ್ಕೊಳ್ಳಿ" ಅಂದೆ. ಅವರು ಏನೂ ಅನ್ನಲಿಲ್ಲ, ಹಾಕಿಕೊಂಡರು. ಸೊಂಟಕ್ಕೆ ದೊಡ್ಡದಾಗಿ ಜಾರುತ್ತಿತ್ತು. ಅತಿಥಿ ಬಂದಾಗ ಅಪ್ಪ ಎದ್ದು ನಿಂತರು, ಆದರೆ ಒಂದು ಕೈ ಪ್ಯಾಂಟು ಹಿಡಿದುಕೊಂಡಿದ್ದರಿಂದ ನಮಸ್ಕಾರಕ್ಕೆ ಎರಡೂ ಕೈ ಜೋಡಿಸಲು ಆಗಲಿಲ್ಲ. ಒಂದೇ ಕೈ ಎತ್ತಿದರು. ಬಂದವರು ಒಳ್ಳೆಯ ಮನುಷ್ಯ, ಪಂಚೆಯಲ್ಲಿದ್ದರೂ ಏನೂ ಅನ್ನುತ್ತಿರಲಿಲ್ಲ. ತಪ್ಪು ಪೂರ್ತಿ ನನ್ನದು.

ಈಗ ರಘು ದೀಕ್ಷಿತ್ ವಿಷಯಕ್ಕೆ ಬರುತ್ತೇನೆ. ಇವರು 1974ರಲ್ಲಿ ನಾಸಿಕ್‌ನಲ್ಲಿ ಹುಟ್ಟಿ, ಬೆಳೆದದ್ದು ಮೈಸೂರಿನಲ್ಲಿ. ಚಿಕ್ಕಂದಿನಲ್ಲಿ ಕಲಿತದ್ದು ಭರತನಾಟ್ಯ. ಓದಿದ್ದು ಮೈಕ್ರೋಬಯಾಲಜಿ, ಎಂ.ಎಸ್ಸಿ.ಯಲ್ಲಿ ಚಿನ್ನದ ಪದಕ. ಸಹಪಾಠಿಯೊಬ್ಬ ಕೆಣಕಿದ್ದಕ್ಕೆ ಪಂಥ ಕಟ್ಟಿ ಗಿಟಾರ್ ಕಲಿತೆ ಅಂತ ಅವರೇ ಸಂದರ್ಶನಗಳಲ್ಲಿ ಹೇಳಿಕೊಂಡಿದ್ದಾರೆ. ಆಮೇಲೆ ಬೆಲ್ಜಿಯಂನಲ್ಲಿ ಕೆಲಸ. ಅಲ್ಲಿನ ರೇಡಿಯೋದಲ್ಲಿ ಹಾಡುವ ಅವಕಾಶ ಸಿಕ್ಕಿ, ಅದರಿಂದ ಧೈರ್ಯ ಬಂದು, ಕೆಲಸ ಬಿಟ್ಟು ವಾಪಸು ಬಂದರು. ಬ್ಯಾಂಕಿನವನಾಗಿ ಹೇಳುತ್ತೇನೆ, ಇದು ಶುದ್ಧ ಅವಿವೇಕದ ಹೂಡಿಕೆ. 'ಅಂತರಾಗ್ನಿ' ಅಂತ ತಂಡ ಕಟ್ಟಿದರು, ಅದೂ ಒಡೆಯಿತು. ಧ್ವನಿಮುದ್ರಣದ ಕಂಪನಿಗಳು ವರ್ಷಗಟ್ಟಲೆ ಬೇಡ ಅಂದವು. ಕಡೆಗೆ ಹಿಂದಿ ಸಿನಿಮಾದ ಸಂಗೀತ ನಿರ್ದೇಶಕರಾದ ವಿಶಾಲ್-ಶೇಖರ್ ಜೋಡಿ ಮುಂಬೈಯಲ್ಲಿ ಇವರ ಹಾಡು ಕೇಳಿ, ತಮ್ಮದೇ ಸಂಸ್ಥೆಯಿಂದ 2008ರಲ್ಲಿ ಮೊದಲ ಆಲ್ಬಂ ತಂದರು. ಅದೇ ವರ್ಷ 'ಸೈಕೋ' ಸಿನಿಮಾದ ಮಹದೇಶ್ವರನ ಹಾಡು ಕರ್ನಾಟಕದ ಆಟೋಗಳಲ್ಲೆಲ್ಲ ಕೇಳಿಸಿತು. 2010ರಲ್ಲಿ ಬಿಬಿಸಿಯ ಜೂಲ್ಸ್ ಹಾಲೆಂಡ್ ಕಾರ್ಯಕ್ರಮ, 2011ರಲ್ಲಿ ಗ್ಲಾಸ್ಟನ್‌ಬರಿ ಉತ್ಸವ. ಜಾನಿ ರಾಟನ್ನನ ಹಾಡನ್ನು ಬೇಡ ಅಂದ ಅದೇ ಬಿಬಿಸಿ, ನಮ್ಮ ಮೈಸೂರಿನ ಲುಂಗಿಯನ್ನು ಕರೆದು ನಿಲ್ಲಿಸಿತು.

ಅದಾದ ಮೇಲಿನ ಒಂದು ಚಳಿಗಾಲದಲ್ಲಿ ಇವರು ದೆಹಲಿಯ ಬಯಲು ವೇದಿಕೆಯೊಂದರಲ್ಲಿ ಹಾಡುತ್ತಾರೆ ಅಂತ ಮಗಳು ನನ್ನನ್ನು ಎಳೆದುಕೊಂಡು ಹೋದಳು. ಮಂಕಿ ಕ್ಯಾಪು, ಸ್ವೆಟರು, ಮೇಲೊಂದು ಶಾಲು, ಇಷ್ಟರಲ್ಲಿ ನಾನು. ವೇದಿಕೆಗೆ ಬಂದ ರಘು ಬಣ್ಣದ ಲುಂಗಿ ಉಟ್ಟು, ಬರಿಗಾಲಿಗೆ ಗೆಜ್ಜೆ ಕಟ್ಟಿಕೊಂಡಿದ್ದರು. ನನಗೆ ಮೊದಲು ಆದದ್ದು ಹೆಮ್ಮೆ ಅಲ್ಲ, ಗಾಬರಿ. ಈಗ ಯಾರಾದರೂ 'ಅಯ್ಯಯ್ಯೋ' ಅಂದರೆ? ಯಾರೂ ಅನ್ನಲಿಲ್ಲ. ಸಾವಿರಾರು ಪಂಜಾಬಿ, ಹರಿಯಾಣವಿ, ಬಿಹಾರಿ ಹುಡುಗರು ಕೂಗಿ ಕರೆದರು.

ಅವರು ಹಾಡಿದ ಒಂದು ಪದ ಶಿಶುನಾಳ ಷರೀಫರ 'ಗುಡುಗುಡಿಯ ಸೇದಿ ನೋಡೋ'. ಷರೀಫರು 1819ರಲ್ಲಿ ಈಗಿನ ಹಾವೇರಿ ಜಿಲ್ಲೆಯಲ್ಲಿ ಹುಟ್ಟಿ 1889ರಲ್ಲಿ ತೀರಿಕೊಂಡವರು. ಗುಡುಗುಡಿಯನ್ನು ಮುಂದಿಟ್ಟುಕೊಂಡು ದೇಹ, ಉಸಿರು, ಗುರುಕೃಪೆಯ ಮಾತಾಡುವ ತತ್ವಪದ ಅದು. ನನ್ನ ಪಕ್ಕದಲ್ಲಿ ಹರಿಯಾಣದ ಒಬ್ಬ ಹುಡುಗ ನಿಂತಿದ್ದ. "ಅಂಕಲ್, ಗುಡ್‌ಗುಡಿ ಅಂದರೆ ಹುಕ್ಕಾ ತಾನೇ?" ಅಂತ ಹಿಂದಿಯಲ್ಲಿ ಕೇಳಿದ. ನನಗೆ ಆಶ್ಚರ್ಯ. ಸಣ್ಣ ಹುಕ್ಕಾಕ್ಕೆ ಅವರಲ್ಲೂ ಅದೇ ಹೆಸರು! ಅವನ ತಾತ ಈಗಲೂ ಮಂಚದ ಮೇಲೆ ಕೂತು ಅದನ್ನೇ ಎಳೆಯುತ್ತಾನಂತೆ. ಶಿಗ್ಗಾಂವಿ ಸೀಮೆಯ ಪದವೊಂದು ರೋಹ್ತಕ್ ಕಡೆಯ ಮಂಚದ ಬಳಿ ಹೋಗಿ ಕೂತುಬಿಟ್ಟಿತು. ಇಪ್ಪತ್ತೈದು ವರ್ಷ ಇಲ್ಲಿದ್ದೂ ನಾನು ಈ ಊರಿನವರ ಜೊತೆ ಒಂದು ಕನ್ನಡ ಪದವನ್ನು ಹಂಚಿಕೊಂಡಿರಲಿಲ್ಲ.

ಇದು ರಘು ದೀಕ್ಷಿತರ ದೊಡ್ಡ ಸಾಧನೆ ಅಂತ ನಾನು ತಿಳಿದಿದ್ದೇನೆ. ಹೊರನಾಡಿನಲ್ಲಿ ನಾವು ಕನ್ನಡವನ್ನು ನವೆಂಬರಿನ ಸಮಾರಂಭಕ್ಕೆ ತೆಗೆದು, ಬೆಳ್ಳಿ ಸಾಮಾನಿನಂತೆ ಒರೆಸಿ, ಮತ್ತೆ ಬೀರುವಿನಲ್ಲಿ ಇಡುವವರು. ರಾಮಕೃಷ್ಣಪುರದ ಕರ್ನಾಟಕ ಸಂಘದಲ್ಲಿ ನಮ್ಮ ಮುಂದೆ ನಾವೇ ಹಾಡಿ, ನಾವೇ ಚಪ್ಪಾಳೆ ತಟ್ಟಿ, ಬಿಸಿಬೇಳೆಬಾತ್ ತಿಂದು ಮನೆಗೆ ಬರುತ್ತೇವೆ. ಅದರಲ್ಲಿ ತಪ್ಪಿಲ್ಲ, ಆ ಬಿಸಿಬೇಳೆಬಾತ್ ಇಲ್ಲದಿದ್ದರೆ ನಾನು ಇಲ್ಲಿ ಉಳಿಯುತ್ತಲೇ ಇರಲಿಲ್ಲ. ಆದರೆ ಕನ್ನಡ ಬಾರದವರ ಎದುರು ಕನ್ನಡವನ್ನೇ ಹಾಡುವುದಕ್ಕೆ ಬೇರೆಯೇ ಎದೆ ಬೇಕು.

ಹಾಗಂತ ಎಲ್ಲವೂ ಜಮಾ ಬದಿಯಲ್ಲೇ ಇದೆ ಅಂತಲ್ಲ. ಖರ್ಚಿನ ಬದಿಯನ್ನೂ ನೋಡಬೇಕು.

ಮೊದಲನೆಯದು ಅಬ್ಬರ. ಗುಡುಗುಡಿಯ ಪದ ಅರ್ಧಕ್ಕೆ ಬರುವಷ್ಟರಲ್ಲಿ ಡ್ರಮ್ಮು ಏರಿ, ಜನ ಕುಣಿದು, ಅದು ಹುಕ್ಕಾ ಬಾರಿನ ನಶೆಯ ಹಾಡಾಗಿಬಿಟ್ಟಿತ್ತು. ನಶೆ ಬಿಡಿಸುವ ಪದಕ್ಕೇ ನಶೆ ಏರಿದರೆ ಷರೀಫರು ಎಲ್ಲಿ ಹೋಗಬೇಕು? ಸಿ. ಅಶ್ವತ್ಥರ ಮೇಲೂ ಹಿಂದೆ ಇಂಥದೇ ದೂರಿತ್ತು, ಕೂಗುತ್ತಾರೆ, ಕೈ ಬೀಸುತ್ತಾರೆ ಅಂತ. ಆದರೆ 1990ರ 'ಸಂತ ಶಿಶುನಾಳ ಶರೀಫ' ಸಿನಿಮಾದ ಹಾಡುಗಳನ್ನು ಈಗ ಕೇಳಿ ನೋಡಿ. ಅಶ್ವತ್ಥರ ಕೂಗು ಮಾತಿನ ಬೆನ್ನು ಹತ್ತಿ ಏರುತ್ತದೆ, ಮಾತು ಇಳಿದರೆ ತಾನೂ ಇಳಿಯುತ್ತದೆ. ರಘು ಅವರಲ್ಲಿ ಎಷ್ಟೋ ಸಲ ಏರುವುದು ಜನ ಕುಣಿಯಲಿ ಅಂತ, ಮಾತಿಗೂ ಅದಕ್ಕೂ ಸಂಬಂಧ ಇರುವುದಿಲ್ಲ.

ಎರಡನೆಯದು, ಷರೀಫರು ಜೊತೆಗಿಲ್ಲದಾಗಿನ ಪಾಡು. ಪ್ರೀತಿ, ವಿರಹ, ಹುರುಪಿನ ಅವರ ಹಿಂದಿ ಹಾಡುಗಳಲ್ಲಿ ಧಾಟಿ ಚೆನ್ನಾಗಿದ್ದರೂ ಸಾಹಿತ್ಯ ತೆಳು. 'ಮೈಸೂರ್ ಸೇ ಆಯೀ' ಕೇಳುವಾಗ ಕಾಲು ಕುಣಿಯುತ್ತದೆ, ಮನೆಗೆ ಬಂದ ಮೇಲೆ ಏನೂ ಉಳಿಯುವುದಿಲ್ಲ. ಅಂಥ ಹಾಡಿನಲ್ಲಿ ಲುಂಗಿ, ಗೆಜ್ಜೆಗಳೇ ಮೈಸೂರಿನ ಪರವಾಗಿ ಸಾಕ್ಷಿ ಹೇಳಬೇಕಾಗುತ್ತದೆ. ಇದೇ ದೆಹಲಿಯ ಇಂಡಿಯನ್ ಓಷನ್ ತಂಡವನ್ನು ಹೋಲಿಸಿ. ಅವರ ರಾಹುಲ್ ರಾಮ್ ನರ್ಮದಾ ಬಚಾವೋ ಆಂದೋಲನದಲ್ಲಿ ದುಡಿದು, ಆ ಕಣಿವೆಯಿಂದ 'ಮಾ ರೇವಾ' ತಂದವರು. 2000ದಲ್ಲಿ ಬಂದ ಅವರ 'ಕಂದೀಸಾ' ಕೇರಳದ ಸಿರಿಯನ್ ಕ್ರೈಸ್ತರ ಪ್ರಾರ್ಥನೆ, ಭಾಷೆ ಅರಮಾಯಿಕ್. ಕೇಳಿದ ಯಾರಿಗೂ ಅರ್ಥವಾಗದ ಆ ಹಾಡನ್ನು ದೆಹಲಿಯ ಹುಡುಗರು ಬಾಯಿಪಾಠ ಮಾಡಿಕೊಂಡರು. ಆ ತಂಡದವರು ವೇದಿಕೆಯಲ್ಲಿ ಸುಮ್ಮನೆ ಕೂತು ನುಡಿಸುತ್ತಿದ್ದರು. ವೇಷ ಅಂತ ಹೇಳುವ ವೇಷ ಏನೂ ಇರಲಿಲ್ಲ. ಹಾಡಿನ ಒಳಗೇ ಊರು ಇದ್ದರೆ ಉಡುಪಿನಲ್ಲಿ ಅದನ್ನು ಹೊತ್ತು ತರುವ ಅಗತ್ಯ ಕಮ್ಮಿ.

ಈ ಮಾತು ರಘು ಅವರಿಗೂ ಗೊತ್ತಿದೆ ಅಂತ ನನಗೆ ಅನ್ನಿಸಿದ್ದು ಆವತ್ತೇ. ಕುಣಿತ ಎಲ್ಲ ಮುಗಿದ ಮೇಲೆ 'ಸೋರುತಿಹುದು ಮನೆಯ ಮಾಳಿಗಿ' ಎತ್ತಿಕೊಂಡರು. ಗೆಜ್ಜೆ ನಿಂತಿತ್ತು. ಗಿಟಾರು ಮೆಲ್ಲಗೆ, ಮಾಳಿಗೆಯಿಂದ ಹನಿ ಬಿದ್ದ ಹಾಗೆ. ಪಿಟೀಲು ಅದರ ಹಿಂದೆ. ಕಂಠದಲ್ಲಿ ಅಷ್ಟು ಹೊತ್ತು ಕೂಗಿದ ಒರಟು ಉಳಿದಿತ್ತು, ಆ ಒರಟೇ ಅದಕ್ಕೆ ಸರಿಯಾಗಿ ಹೊಂದಿತು. ಮಗಳು ಕಿವಿಯ ಹತ್ತಿರ ಬಂದು, "ಮಾಳಿಗಿ ಅಂದ್ರೆ ಏನಪ್ಪಾ?" ಅಂದಳು. ದೆಹಲಿಯಲ್ಲಿ ಹುಟ್ಟಿದ ಹುಡುಗಿ, ಅವಳಿಗೆ ಫ್ಲಾಟು ಗೊತ್ತು, ಮಾಳಿಗೆ ಗೊತ್ತಿಲ್ಲ. ನಾನು ಮುನೀರ್ಕಾದ ಬರ್ಸಾತಿಯ ವಿಷಯ ಹೇಳಿದೆ. ಮಳೆಯಲ್ಲಿ ಹಾಸಿಗೆ ಎಳೆದಾಡಿದ್ದು, ಬಕೆಟ್ಟು ಇಟ್ಟದ್ದು. ಪ್ಯಾಂಟಿನ ವಿಷಯವನ್ನೂ ಹೇಳಬೇಕು ಅನ್ನಿಸಿತು. ಬಾಯಿಗೆ ಬರಲಿಲ್ಲ. ಸೋರುವುದು ಮನೆಯಲ್ಲ, ತಿಳಿವಳಿಕೆ ಇಲ್ಲದ ಮನಸ್ಸು ಅಂತ ಷರೀಫರ ಪದಕ್ಕೆ ಅರ್ಥ ಹೇಳುತ್ತಾರೆ. ಆ ಚಳಿಯಲ್ಲಿ ನಿಂತು ಕೇಳಿದಾಗ ಅರ್ಥ ಯಾರೂ ಹೇಳಬೇಕಾಗಲಿಲ್ಲ. 2013ರ ಎರಡನೆಯ ಆಲ್ಬಂ 'ಜಗ್ ಚಂಗಾ'ದಲ್ಲೂ ನನಗೆ ಬೇಕಾಗಿ ಉಳಿದದ್ದು ಷರೀಫರ 'ಲೋಕದ ಕಾಳಜಿ' ಒಂದೇ.

ಇನ್ನೊಂದು ಪುಟ ಬಿಟ್ಟು ಮುಂದೆ ಹೋಗುವ ಹಾಗಿಲ್ಲ. 2018ರ ಅಕ್ಟೋಬರಿನಲ್ಲಿ, ದೇಶದಲ್ಲಿ ಹೆಂಗಸರು ತಮಗಾದ ಕಿರುಕುಳವನ್ನು ಬಾಯಿಬಿಟ್ಟು ಹೇಳುತ್ತಿದ್ದ ದಿನಗಳಲ್ಲಿ, ರಘು ಅವರ ನಡತೆಯ ಮೇಲೂ ದೂರು ಬಂತು. ಗಾಯಕಿ ಚಿನ್ಮಯಿ ಶ್ರೀಪಾದ ಅದನ್ನು ಬಹಿರಂಗಪಡಿಸಿದರು. ರಘು ಸಾರ್ವಜನಿಕವಾಗಿ ಕ್ಷಮೆ ಕೇಳಿದರು. ನನ್ನ ಮಗಳು ಅವರ ಹಾಡು ಕೇಳುವುದನ್ನು ನಿಲ್ಲಿಸಿದಳು. ನಾನು "ಹಾಡಿನ ಖಾತೆ ಬೇರೆ, ಮನುಷ್ಯನ ಖಾತೆ ಬೇರೆ" ಅಂದೆ. ಅವಳು, "ನಿಮ್ಮ ಬ್ಯಾಂಕಿನಲ್ಲಿ ಒಬ್ಬನ ಎರಡು ಖಾತೆ ಇದ್ದರೆ ಒಂದರ ಬಾಕಿ ಇನ್ನೊಂದಕ್ಕೆ ಹಿಡಿಯಲ್ವಾ?" ಅಂದಳು. ಹಿಡಿಯುತ್ತೇವೆ. ಹಾಗಾಗಿ ನನ್ನ ಹತ್ತಿರ ಉತ್ತರ ಇರಲಿಲ್ಲ, ಈಗಲೂ ಇಲ್ಲ. ನಾನು ಕೇಳುತ್ತೇನೆ, ಆದರೆ ಮೊದಲಿನ ಹಾಗೆ ಮನೆಯಲ್ಲಿ ದೊಡ್ಡದಾಗಿ ಹಾಕುವುದಿಲ್ಲ. ವೇದಿಕೆಯ ಮೇಲೆ ಎಲ್ಲರನ್ನೂ ಕೈಹಿಡಿದು ಕುಣಿಸುವ ಅದೇ ಸಲಿಗೆ, ವೇದಿಕೆ ಇಳಿದ ಮೇಲೆ ಎಲ್ಲಿ ನಿಲ್ಲಬೇಕು ಅನ್ನುವುದು ಸಣ್ಣ ಪ್ರಶ್ನೆ ಅಲ್ಲ.

ನಿವೃತ್ತಿಯ ನಂತರ ನಾವು ನೋಯ್ಡಾದ ಫ್ಲಾಟಿನಲ್ಲಿದ್ದೇವೆ. 2023ರ ಜೂನಿನಲ್ಲಿ ಪತ್ರಿಕೆಗಳಲ್ಲಿ ಒಂದು ಸುದ್ದಿ ಬಂತು. ಇಲ್ಲಿಗೆ ಹತ್ತಿರದ ಗ್ರೇಟರ್ ನೋಯ್ಡಾದ ವಸತಿ ಸಮುಚ್ಚಯವೊಂದರ ಸಂಘದವರು, ನಿವಾಸಿಗಳು ಲುಂಗಿ ಮತ್ತು ನೈಟಿಯಲ್ಲಿ ಪಾರ್ಕಿಗೆ ಬರಬಾರದು ಅಂತ ನೋಟೀಸು ಹಚ್ಚಿದ್ದರು. ಟಿವಿಯಲ್ಲೆಲ್ಲ ಚರ್ಚೆ. ನಮ್ಮ ಕಟ್ಟಡದ ವಾಟ್ಸಾಪ್ ಗುಂಪಿನಲ್ಲಿ ಕೆಲವರು ನಕ್ಕರು, ಕೆಲವರು ಸರಿ ಅಂದರು. ಒಬ್ಬರು, "ಅಂಕಲ್‌ಜೀ, ನಿಮ್ಮ ಕಡೆಯವರದ್ದಲ್ಲವಾ ಇದು?" ಅಂತ ನನ್ನನ್ನು ಕೇಳಿದರು. 1986ರ ಬೀದಿ ಹುಡುಗರು ಈಗ ಫ್ಲಾಟಿನ ಮಾಲೀಕರಾಗಿದ್ದಾರೆ ಅನ್ನಿಸಿತು. ಜಗತ್ತು ಸುತ್ತಿದ ರಘು ಅವರ ಲುಂಗಿಗೆ ಟಿಕೆಟ್ಟು ಕೊಂಡು ಚಪ್ಪಾಳೆ ತಟ್ಟುವವರೇ, ಪಕ್ಕದ ಮನೆಯವನ ಲುಂಗಿಗೆ ನೋಟೀಸು ಹಚ್ಚುತ್ತಾರೆ. ಲುಂಗಿ ವೇದಿಕೆ ಹತ್ತಿದ್ದರಿಂದ ಅದು ಬೀದಿಯಲ್ಲೂ ಗೆದ್ದಿತು ಅಂತ ನಾನು ತಿಳಿದಿದ್ದೆ. ಹಾಗೇನೂ ಆಗಿರಲಿಲ್ಲ. ವೇದಿಕೆಯ ಲುಂಗಿ ದೀಪದ ಬೆಳಕಿನದು. ಜಾನಿ ರಾಟನ್ನನ ಪಿನ್ನು ಚುಚ್ಚಿದ ಕೋಟಿನ ಹಾಗೆ ಅದನ್ನೂ ಜನ ಒಂದು ಸಂಜೆಗೆ ಒಪ್ಪಿಕೊಳ್ಳುತ್ತಾರೆ, ಅಷ್ಟೇ. ಇದು ಹಾಡುಗಾರನ ತಪ್ಪಲ್ಲ. ಬೀದಿಯ ಕೆಲಸವನ್ನು ಬೀದಿಯಲ್ಲಿರುವ ನಾವೇ ಮಾಡಬೇಕಿತ್ತು, ನಮ್ಮ ಪರವಾಗಿ ಅವರು ಮಾಡಿಬಿಡಲಿ ಅಂತ ನಾನು ಟಿಕೆಟ್ಟು ಕೊಂಡಿದ್ದೆ.

ರಘು ದೀಕ್ಷಿತರಿಂದ ನನಗೆ ಇನ್ನು ಬೇಕಾಗಿರುವುದು ಒಂದೇ ಸಂಜೆ. ಗೆಜ್ಜೆ ಬಿಚ್ಚಿಟ್ಟು, ಡ್ರಮ್ಮು ಬಿಟ್ಟು, ಕೂತು ಹಾಡುವ ಷರೀಫ. ಆ ಕಂಠಕ್ಕೆ ಅದು ಸಾಧ್ಯ ಅಂತ ನಾನು ಕಿವಿಯಾರೆ ಕೇಳಿದ್ದೇನೆ, ಅದಕ್ಕೇ ಕೇಳುತ್ತಿದ್ದೇನೆ.

ನೋಟೀಸಿನ ಸುದ್ದಿ ಬಂದ ಮಾರನೆಯ ಬೆಳಿಗ್ಗೆ ಟ್ರಂಕಿನ ತಳದಿಂದ ಅಪ್ಪನ ಪಂಚೆ ತೆಗೆದೆ. ನುಸಿಗುಳಿಗೆಯ ವಾಸನೆ. ಉಟ್ಟುಕೊಂಡು ಲಿಫ್ಟಿನಲ್ಲಿ ಇಳಿದು ಹಾಲಿನ ಅಂಗಡಿಗೆ ಹೋಗಿ ಬಂದೆ. ಯಾರೂ ಏನೂ ಅನ್ನಲಿಲ್ಲ. ಗೇಟಿನ ಕಾವಲುಗಾರ ಬಿಹಾರದವನು, ಅವನ ಊರಲ್ಲೂ ಎಲ್ಲರೂ ಲುಂಗಿಯವರೇ. ಅವನು ನಮಸ್ತೆ ಅಂದ. ಹಾಲಿನ ಚೀಲವನ್ನು ಕೆಳಗಿಟ್ಟು, ಎರಡೂ ಕೈ ಎತ್ತಿ ನಾನೂ ನಮಸ್ತೆ ಅಂದೆ.